ಸತ್ಯ ಒಂದಲ್ಲ, ಹಲವು ಅಂತ ನಂಬುವ ಕಲ್ಪಿತ ಲೋಕದಲ್ಲಿ ಯಾರನ್ನಾದರೂ ಸುಳ್ಳುಗಾರ ಅನ್ನಲು ಸಾಧ್ಯವೇ?

ಖಂಡಿತ ಸಾಧ್ಯ. ಸತ್ಯ ಹಲವು ಅಂದ ಮಾತ್ರಕ್ಕೆ ಬಾಯಿಗೆ ಬಂದದ್ದೆಲ್ಲ ಸತ್ಯ ಆಗುವುದಿಲ್ಲ. ನಿಮ್ಮ ಫ್ಯಾಂಟಸಿ ಲೋಕದ ಜನ ಪ್ರತಿ ಸತ್ಯವನ್ನೂ ಅದು ಕಂಡ ಜಾಗಕ್ಕೆ ಕಟ್ಟಿಹಾಕಿದರೆ ಸಾಕು. ತಾನು ನಿಂತ ಜಾಗದಿಂದ ಕಾಣದ್ದನ್ನು ಕಂಡೆ ಅನ್ನುವವನೇ ಸುಳ್ಳುಗಾರ.

ಒಂದು ನದಿ ಇದೆ ಅಂತಿಟ್ಟುಕೊಳ್ಳಿ. ಮೇಲಿನ ಊರಿನವರು ಕರೆದರೆ ಅದು ಓಗೊಡುತ್ತದೆ, ಕೆಳಗಿನ ಊರಿನವರಿಗೆ ಎಷ್ಟು ಕೂಗಿದರೂ ಬರೀ ನೀರು. ಎರಡೂ ನಿಜ. ಅಲ್ಲಿ ಸಾಕ್ಷಿ ಹೇಳುವವನು ಮೊದಲು ತನ್ನ ಊರಿನ ಕಲ್ಲಿನ ಮೇಲೆ ಬರಿಗಾಲಲ್ಲಿ ನಿಲ್ಲಬೇಕು, ಆಮೇಲೆ ಬಾಯಿ ಬಿಡಬೇಕು. ಕೆಳಗಿನ ಊರಿನ ಕಲ್ಲಿನ ಮೇಲೆ ನಿಂತು ‘ನದಿ ನನ್ನ ಹೆಸರು ಹಿಡಿದು ಕರೆಯಿತು’ ಅಂದನೋ, ಸಿಕ್ಕಿಬಿದ್ದ ಹಾಗೆ.

ತರ್ಕಕ್ಕೂ ಇದು ನಿಲ್ಲುತ್ತದೆ. ಒಂದೇ ವಸ್ತುವಿಗೆ ಒಂದೇ ಗುಣ, ಒಂದೇ ಹೊತ್ತಿನಲ್ಲಿ, ಒಂದೇ ರೀತಿಯಲ್ಲಿ ಇದ್ದೂ ಇಲ್ಲದಿರಲು ಆಗದು ಅಂದವನು ಅರಿಸ್ಟಾಟಲ್. ಆ ‘ಒಂದೇ ರೀತಿಯಲ್ಲಿ’ ಅನ್ನುವ ಷರತ್ತು ಸಡಿಲವಾದರೆ ವಿರೋಧವೇ ಉಳಿಯುವುದಿಲ್ಲ, ಅಲ್ವಾ? ಜೈನರ ಸ್ಯಾದ್ವಾದವೂ ಇದೇ ದಾರಿಯದು. ಯಾವುದೇ ವಿಷಯವನ್ನು 7 ಬಗೆಯಲ್ಲಿ ಹೇಳಬಹುದು, ಆದರೆ ಪ್ರತಿ ಸಲ ‘ಒಂದು ದೃಷ್ಟಿಯಿಂದ’ ಅಂತ ಸೇರಿಸಲೇಬೇಕು.

‘ಸತ್ಯ ಹಲವು ಅನ್ನುವುದು ಮಾತ್ರ ಎಲ್ಲರಿಗೂ ಸತ್ಯವಾ?’ ಅಂತ ಯಾರಾದರೂ ಕೆಣಕಿಯೇ ಕೆಣಕುತ್ತಾರೆ. ಅದನ್ನು ಸುಮ್ನೆ ಮುಚ್ಚಿಹಾಕಬೇಡಿ. ಸತ್ಯ ಒಂದೇ ಅಂತ ಹಟ ಹಿಡಿದ ಊರೂ ನಿಮ್ಮ ಲೋಕದಲ್ಲಿ ಇರಲಿ. ಕಥೆಗೆ ಬೇಕಾದ ಜಗಳ ಅಲ್ಲೇ ಸಿಗುತ್ತದೆ.