ಖಾಲಿ ಸದಸ್ಯ ಪುಟದ ಬಗ್ಗೆ ಕೇಳಿದ ಚನ್ನಗಿರಿಯ ತಂಗಿಗೆ

ತಂಗಿ, ನಿಮ್ಮ ಪ್ರಶ್ನೆ ನಿನ್ನೆಯೇ ನೋಡಿದೆ, ಉತ್ತರ ಬರೆಯಲು ಈಗ ಪುರುಸೊತ್ತಾಯಿತು. ಕನ್ನಡ ವಿಕಿಪೀಡಿಯದಲ್ಲಿ ಖಾತೆ ತೆರೆದಿದ್ದೀರಿ, ನಿಮ್ಮ ಹೆಸರು ಕೆಂಪಗೆ ಕಾಣುತ್ತಿದೆ, ಒತ್ತಿದರೆ ಖಾಲಿ ಸದಸ್ಯ ಪುಟ, ಅಂದರೆ ನಿಮ್ಮ ಪರಿಚಯ ಬರೆಯುವ ಪುಟ. ಅಲ್ಲಿ ಏನು ಬರೆಯಬೇಕು, ಊರಿನ ವಿಷಯ ಅಲ್ಲೇ ಹಾಕಬಹುದಾ, ಇಷ್ಟೇ ಅಲ್ವಾ?

ಕೆಂಪು ಅಂದರೆ ಪುಟ ಇನ್ನೂ ಹುಟ್ಟಿಲ್ಲ ಅಂತ. ಒಂದು ಸಾಲು ಬರೆದು ಉಳಿಸಿ, ನೀಲಿಯಾಗುತ್ತದೆ.

ನಾನು ಮೊದಲು ಬರೆದದ್ದು ಥೇಟ್ ಮದುವೆ ಬಯೋಡೇಟಾ. ಓದು, ಕೆಲಸ, ಹುಟ್ಟಿದ ತಾರೀಖು, ಕೊನೆಗೆ ಮೊಬೈಲ್ ನಂಬರ್ ಬೇರೆ! ಆಮೇಲೆ ಅಳಿಸಿದೆ. ಆದರೆ ಅಲ್ಲಿ ಅಳಿಸಿದ್ದೂ ಪುಟದ ಇತಿಹಾಸದಲ್ಲಿ ಕೂತಿರುತ್ತದೆ. ನಿರ್ವಾಹಕರೊಬ್ಬರನ್ನು ಕೇಳಿ ಮರೆಮಾಡಿಸಬೇಕಾಯಿತು. ನೀವು ನಂಬರ್, ವಿಳಾಸ ಹಾಕಲೇಬೇಡಿ.

ಈಗ ನನ್ನ ಪುಟದಲ್ಲಿ ಇರುವುದು ಇಷ್ಟು: "ಹುಟ್ಟಿದ್ದು ಜಗಳೂರು ಕಡೆ, ಇರುವುದು ದಾವಣಗೆರೆ. ಮನೆಮಾತು ಕನ್ನಡ, ತೆಲುಗು ಅರ್ಥವಾಗುತ್ತದೆ. ಶಾಸನ, ಕೆರೆ, ಕೊಂಡುಕುರಿ ಇಷ್ಟ. ದುರ್ಗದ ಕಡೆಯ ಫೋಟೋ ಬೇಕಿದ್ದರೆ ಚರ್ಚೆ ಪುಟದಲ್ಲಿ ಕೇಳಿ." ಆ ಕೊನೇ ಸಾಲಿನಿಂದಲೇ ನನಗೆ ಕೆಲಸ ಸಿಕ್ಕಿದ್ದು. ಮೊಳಕಾಲ್ಮೂರಿನ ಬ್ರಹ್ಮಗಿರಿಯಲ್ಲಿ ಅಶೋಕನ ಶಾಸನ ಇದೆಯಲ್ಲ, ಅದರ ಫೋಟೋ ಬೇಕು ಅಂತ ಯಾರೋ ಕೇಳಿದರು, ಬೈಕ್ ಹತ್ತಿ ಹೋಗಿಬಂದೆ. (ಕೊಂಡುಕುರಿ ಅಂದರೆ ಒಂದು ಜಾತಿಯ ಕಾಡು ಹುಲ್ಲೆ, ಅದರ ಫೋಟೋ ಮಾತ್ರ ಇನ್ನೂ ಸಿಕ್ಕಿಲ್ಲ. ರಂಗಯ್ಯನದುರ್ಗದ ಕಾಡಿನಲ್ಲಿ ಎರಡು ಸಲ ಕಂಡಿದ್ದೇನೆ, ಎರಡು ಸಲವೂ ಬೆನ್ನು ಮಾತ್ರ. ಅದರ ನಾಲ್ಕು ಕೊಂಬು ಎಣಿಸುವ ಯೋಗ ಬಂದಿಲ್ಲ.)

ಊರಿನ ವಿಷಯಕ್ಕೆ ಬೇರೆ ಲೇಖನವೇ ಬೇಕು. ಅದಕ್ಕೆ ಅಚ್ಚಾದ ಆಧಾರ ಇರಬೇಕು. ಅಜ್ಜ ಹೇಳಿದ್ದು ಅಂತ ಬರೆದ ನನ್ನ ಮೊದಲ ಲೇಖನ ಅಳಿಸಿಹೋಯಿತು, ಬೇಜಾರೂ ಆಯಿತು. ಆಮೇಲೆ ಗೊತ್ತಾಗಿದ್ದು, ನಮ್ಮ ಕಡೆಯ ಶಾಸನಗಳು ಎಪಿಗ್ರಾಫಿಯಾ ಕರ್ನಾಟಿಕಾ ಅನ್ನುವ ಶಾಸನ ಸಂಗ್ರಹದ ಪುಸ್ತಕಗಳಲ್ಲಿ ತಾಲ್ಲೂಕುವಾರು ಇವೆ ಅಂತ. ಚಿತ್ರದುರ್ಗ ಜಿಲ್ಲೆಯದು 11ನೇ ಸಂಪುಟ. ನೀವು ಚನ್ನಗಿರಿಯವರು, ಅದರಲ್ಲಿ ಹುಡುಕಿದರೆ ಸಿಗುವುದಿಲ್ಲ. 1997ರಲ್ಲಿ ದಾವಣಗೆರೆ ಜಿಲ್ಲೆಯಾಗುವವರೆಗೆ ಚನ್ನಗಿರಿ, ಹೊನ್ನಾಳಿ ಶಿವಮೊಗ್ಗಕ್ಕೆ ಸೇರಿದ್ದವು. ಹಾಗಾಗಿ ನಿಮ್ಮದು ಶಿವಮೊಗ್ಗದ 7ನೇ ಸಂಪುಟದಲ್ಲಿದೆ.

ಈ ಜಿಲ್ಲೆ ಬದಲಾವಣೆಯಲ್ಲೇ ಹೊಸಬರಿಗೆ ಒಳ್ಳೆ ಕೆಲಸವೂ ಇದೆ. ಹಳ್ಳಿಗಳ ಲೇಖನ ತೆಗೆದು ಜಿಲ್ಲೆಯ ಹೆಸರು ನೋಡಿ. ಹರಪನಹಳ್ಳಿ ಬಳ್ಳಾರಿಯಿಂದ ದಾವಣಗೆರೆಗೆ ಬಂತು, ತಿರುಗಿ ಬಳ್ಳಾರಿಗೆ ಹೋಯಿತು, ಈಗ ವಿಜಯನಗರ ಜಿಲ್ಲೆ. ಪಾಪ, ಆ ಹಳ್ಳಿಗಳ ಪುಟ ಯಾರು ಯಾವಾಗ ತಿದ್ದಬೇಕು! ಹಳೇ ಜಿಲ್ಲೆ ಕಂಡರೆ ಧೈರ್ಯವಾಗಿ ತಿದ್ದಿ.

ಫೋಟೋ ನೀವೇ ತೆಗೆದದ್ದಾಗಿರಲಿ, ವಾಟ್ಸಾಪ್‌ನಲ್ಲಿ ಬಂದದ್ದು ಬೇಡ. ಶಾಸನದ ಕಲ್ಲಾದರೆ ಬೆಳಿಗ್ಗೆ ಏಳರ ಹೊತ್ತಿಗೆ ಹೋಗಿ. ಓರೆ ಬಿಸಿಲಿಗೆ ಅಕ್ಷರದ ಗುಳಿಯಲ್ಲಿ ನೆರಳು ನಿಂತು ಸಾಲು ಎದ್ದು ಕಾಣುತ್ತದೆ. ಮಧ್ಯಾಹ್ನ ಹೋದರೆ ಅದೇ ಕಲ್ಲು ಬಟ್ಟೆ ಒಗೆಯುವ ಬಂಡೆ ತರಹ ಇರುತ್ತದೆ. ಅಕ್ಷರ ಕಾಣಲಿ ಅಂತ ಸುಣ್ಣ, ಚಾಕ್‌ಪೀಸ್ ಬಳಿಯಬೇಡಿ.

ಏನಾದರೂ ತೊಡಕಾದರೆ ವಿಕಿಪೀಡಿಯದಲ್ಲೇ 'ಅರಳಿ ಕಟ್ಟೆ' ಅಂತ ಒಂದು ಪುಟವಿದೆ, ಕೇಳಿ, ಯಾರೂ ಬೈಯುವುದಿಲ್ಲ. ಪುಟ ನೀಲಿಯಾದ ಮೇಲೆ ಇಲ್ಲಿ ತಿಳಿಸಿ. ಸಂತೇಬೆನ್ನೂರಿನ ಪುಷ್ಕರಣಿಯ ನಡುವಿನ ಮಂಟಪದ್ದು ಒಂದು ಫೋಟೋ ನಿಮ್ಮನ್ನು ಕೇಳುವುದಿದೆ.