ಶಿಕ್ಷೆ ಜಾಸ್ತಿಯಾಯ್ತು ಅಂತ ಹೈಕೋರ್ಟಿಗೆ ಹೋಗುವ ಮೊದಲು ವಿಚಾರಣೆಯ ಕಡತ ನೋಡಿ

ರಜೆ ಮುಗಿದು 54 ದಿನ ತಡವಾಗಿ ಹೋದ ಸಿಆರ್‌ಪಿಎಫ್ (ಕೇಂದ್ರ ಮೀಸಲು ಪೊಲೀಸ್ ಪಡೆ) ಯೋಧನಾದ ನಿಮ್ಮ ತಮ್ಮನನ್ನು ವಜಾ ಮಾಡಿದ್ದಾರೆ, ಹೈಕೋರ್ಟ್ ಶಿಕ್ಷೆ ಕಡಿಮೆ ಮಾಡುತ್ತದಾ ಅಂತ ಕೇಳಿದ್ದೀರಿ. ನಾನು ಇನ್ನೊಂದು ಪಡೆಯಲ್ಲಿದ್ದವನು, ಇದೇ ಓವರ್‌ಸ್ಟೇಗೆ ಕೆಲಸ ಕಳಕೊಂಡವನು. ನನ್ನ ರಿಟ್ (ಹೈಕೋರ್ಟಿಗೆ ಹಾಕಿದ ಅರ್ಜಿ) ಬಿದ್ದದ್ದು ಕೋರ್ಟಿನಲ್ಲಲ್ಲ, ಎರಡು ವರ್ಷ ಮೊದಲೇ ಇಲಾಖಾ ವಿಚಾರಣೆಯ ಮೇಜಿನ ಮೇಲೆ.

ಒಬ್ಬೊಬ್ಬ ಸಾಕ್ಷಿಯ ಹೇಳಿಕೆ ಮುಗಿದಾಗಲೂ ಹಾಳೆಯ ಕೆಳಗೆ ಹಿಂದಿಯಲ್ಲಿ ಒಂದು ಸಾಲು ಬರೆಸಿಕೊಂಡರು: ‘ಮುಝೆ ಜಿರಹ್ ನಹೀಂ ಕರನೀ ಹೈ.’ ಪಾಟೀ ಸವಾಲು ಬೇಡ ಅಂತ. ನಾಲ್ಕು ಸಾಕ್ಷಿ, ನಾಲ್ಕು ಸಹಿ. ಎದುರು ಮಾತಾಡದಿದ್ದರೆ ಸಾಹೇಬರು ಕನಿಕರಿಸುತ್ತಾರೆ ಅಂದುಕೊಂಡೆ. ‘ರಜೆ ಮುಂದುವರಿಸಿ ಅಂತ ನಾನು ಕಳಿಸಿದ ಸ್ಪೀಡ್ ಪೋಸ್ಟ್ ಬಂದಿತ್ತಾ?’ ಅಂತ ಕ್ಲರ್ಕನ್ನು ಒಂದೇ ಒಂದು ಪ್ರಶ್ನೆ ಕೇಳಬೇಕಿತ್ತು. ಕೇಳಲಿಲ್ಲ. ಅಮ್ಮನ ಆಸ್ಪತ್ರೆಯ ಡಿಸ್ಚಾರ್ಜ್ ಸಮ್ಮರಿ ಬ್ಯಾಗಿನಲ್ಲೇ ಇತ್ತು, ಕೊಡಲಿಲ್ಲ. ರಿಟ್ ಜೊತೆ ಎರಡನ್ನೂ ಲಗತ್ತಿಸಿದರೆ, ವಿಚಾರಣೆಯಲ್ಲಿ ಇಲ್ಲದ್ದನ್ನು ಇಲ್ಲಿ ನೋಡಲಾಗದು ಅಂದರು. ಅವಕಾಶವೇ ಕೊಡಲಿಲ್ಲ ಎಂಬ ನನ್ನ ವಾದಕ್ಕೆ ಆ ನಾಲ್ಕು ಸಹಿಗಳೇ ಉತ್ತರವಾದವು.

ರಿಟ್ ಕೇಳುವ ಅಧಿಕಾರ ಕೊಡುವ ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟ್ ಮೇಲ್ಮನವಿ ಕೇಳುವುದಿಲ್ಲ. ಬಿ.ಸಿ. ಚತುರ್ವೇದಿ (1995), ಪಿ. ಗುಣಶೇಖರನ್ (2014) ಎರಡೂ ತೀರ್ಪು ಹೇಳುವುದು ಇದನ್ನೇ: ವಿಚಾರಣೆ ನಿಯಮದಂತೆ ನಡೆಯಿತಾ, ಆರೋಪಕ್ಕೆ ಒಂದಿಷ್ಟಾದರೂ ಸಾಕ್ಷ್ಯ ಇದೆಯಾ, ಅಷ್ಟೇ ಪರೀಕ್ಷೆ. ಶಿಕ್ಷೆಗೆ ಕೈ ಹಾಕುವುದು ಅದು ಆತ್ಮಸಾಕ್ಷಿಯನ್ನೇ ಕಲಕುವಂತಿದ್ದರೆ ಮಾತ್ರ. ಆಗಲೂ ಸಾಮಾನ್ಯವಾಗಿ ಮರುಪರಿಶೀಲಿಸಿ ಅಂತ ಇಲಾಖೆಗೇ ವಾಪಸ್ ಕಳಿಸುತ್ತಾರೆ. ಶಿಕ್ಷೆ ಅತಿಯಾಯ್ತು ಅಂತ ರದ್ದಾದದ್ದಕ್ಕೆ ಎಲ್ಲರೂ ಉದಾಹರಿಸುವ ರಂಜಿತ್ ಠಾಕೂರ್ (1987) ಪ್ರಕರಣದಲ್ಲಿ ಸೈನಿಕ ಯಾರ ಮೇಲೆ ದೂರು ಕೊಟ್ಟಿದ್ದನೋ ಆ ಅಧಿಕಾರಿಯೇ ಕೋರ್ಟ್ ಮಾರ್ಷಲ್‌ನಲ್ಲಿ ಕೂತಿದ್ದ. ನಿಮ್ಮ ತಮ್ಮನದು ಹಾಗಲ್ಲ. 315 ದಿನ ಓವರ್‌ಸ್ಟೇ ಮಾಡಿದ ಸಿಆರ್‌ಪಿಎಫ್‌ನ ಗುಲಾಂ ಮೊಹಮ್ಮದ್ ಭಟ್ ಅವರನ್ನು ಕೆಲಸದಿಂದ ತೆಗೆದದ್ದನ್ನು ಸುಪ್ರೀಂ ಕೋರ್ಟ್ 2005ರಲ್ಲಿ ಎತ್ತಿಹಿಡಿದಿದೆ.

ಹಾಗಾಗಿ ‘ಶಿಕ್ಷೆ ಜಾಸ್ತಿ’ ಅನ್ನುವುದನ್ನು ಕೊನೆಯ ವಾದವಾಗಿಡಿ. ಮೊದಲ ವಾದ ಕೃಷ್ಣಕಾಂತ್ ಪರ್ಮಾರ್ (2012) ತೀರ್ಪಿನದು: ಗೈರುಹಾಜರಿ ಬೇಕಂತಲೇ ಮಾಡಿದ್ದು ಅಂತ ಸಾಬೀತಾಗಬೇಕು, ವಿಧಿಯಿಲ್ಲದ ಕಾರಣವಿದ್ದರೆ ಅದು ದುರ್ನಡತೆಯಲ್ಲ. ಆದರೆ ಆ ಕಾರಣದ ಕಾಗದ ವಿಚಾರಣೆಯ ಕಡತದಲ್ಲಿ ಇರಬೇಕು.

ಕಡತದ ಪೂರ್ತಿ ನಕಲಿಗೆ ಇಂದೇ ಕಮಾಂಡೆಂಟರಿಗೆ ಬರೆಯಿರಿ. ಆರ್‌ಟಿಐ ನಂಬಿ ಕೂರಬೇಡಿ, ಭ್ರಷ್ಟಾಚಾರ, ಮಾನವ ಹಕ್ಕು ಉಲ್ಲಂಘನೆಯ ವಿಷಯ ಬಿಟ್ಟರೆ ಸಿಆರ್‌ಪಿಎಫ್‌ಗೆ 24ನೇ ಸೆಕ್ಷನ್ನಿನ ವಿನಾಯಿತಿ ಇದೆ. ಸಿಆರ್‌ಪಿಎಫ್ ನಿಯಮ 28ರ ಮೇಲ್ಮನವಿಗೆ 30 ದಿನ, ನಕಲು ಪಡೆಯಲು ಹಿಡಿದ ಸಮಯ ಅದರಲ್ಲಿ ಸೇರದು. ಗಡುವು ಮೀರಿದ್ದರೆ ತಡವಾದದ್ದಕ್ಕೆ ಕಾರಣ ವಿವರಿಸಿ ಹಾಕಿ. ‘ದಯವಿಟ್ಟು ಪರಿಗಣಿಸಿ’ ಅಂತ ಮನವಿ ಮೇಲೆ ಮನವಿ ಕೊಟ್ಟರೆ ಗಡುವು ಬೆಳೆಯುವುದಿಲ್ಲ, ಎಸ್.ಎಸ್. ರಾಥೋರ್ ತೀರ್ಪು 1989ರಲ್ಲೇ ಆ ದಾರಿ ಮುಚ್ಚಿದೆ. ಸಿಎಟಿಗೆ (ಕೇಂದ್ರ ಆಡಳಿತ ನ್ಯಾಯಮಂಡಳಿ) ಹೋಗಿಯೂ ಪ್ರಯೋಜನವಿಲ್ಲ. ಕೇಂದ್ರದ ಸಶಸ್ತ್ರ ಪಡೆಗಳವರು ಅದರ ವ್ಯಾಪ್ತಿಗೆ ಬರುವುದಿಲ್ಲ.

ಕಡತ ಬಂದಾಗ ವಜಾ ಆದೇಶಕ್ಕೆ ಮೊದಲು ವಿಚಾರಣಾ ವರದಿಯ ಪ್ರತಿ ಕೊಟ್ಟಿದ್ದರಾ ಅಂತ ನೋಡಿ. ಕೊಟ್ಟಿಲ್ಲದಿದ್ದರೆ ಕರುಣಾಕರ್ (1993) ತೀರ್ಪು ನಿಮ್ಮ ಕಡೆಗಿದೆ. ಆದರೆ ಕೊಟ್ಟಿದ್ದರೆ ನಿಮ್ಮ ತಮ್ಮ ಏನು ಹೇಳುತ್ತಿದ್ದ, ಅದರಿಂದ ಏನು ಬದಲಾಗುತ್ತಿತ್ತು ಅಂತ ತೋರಿಸಲೇಬೇಕು. ಆಮೇಲೆ ಸಾಕ್ಷಿಗಳ ಹಾಳೆಗಳ ಕೆಳತುದಿ ನೋಡಿ. ಅಲ್ಲಿ ಅದೇ ಹಿಂದಿ ಸಾಲು ಇದ್ದು, ತಮ್ಮನಿಗೆ ಅದು ಅರ್ಥವಾಗದೆ ಸಹಿ ಮಾಡಿದ್ದು ನಿಜವೇ ಆಗಿದ್ದರೆ, ಅದನ್ನು ಮೇಲ್ಮನವಿಯಲ್ಲೇ ಬರೆಯಿರಿ. ರಿಟ್‌ನಲ್ಲಿ ಮೊದಲ ಸಲ ಹೇಳಿದರೆ ವಕೀಲರು ಹೇಳಿಕೊಟ್ಟ ಮಾತು ಅಂತಲೇ ಕಾಣುತ್ತದೆ.