ಪ್ರತಿಕ್ರಿಯೆ: ಲಾಂಡಾ ಬರೀ ಕಾಮಿಡಿ ನಟನಾ?

ಸ್ಪೇನಿನ ಆಲ್ಫ್ರೆಡೋ ಲಾಂಡಾ ಪೋಲಿ ಕಾಮಿಡಿಗಳ ನಟ ಅಲ್ವಾ, ಅವರಿಗೆ ಕಾನ್ ಚಿತ್ರೋತ್ಸವದ ಉತ್ತಮ ನಟ ಪ್ರಶಸ್ತಿ ಹೇಗೆ ಬಂತು ಅಂತ ಕೇಳಿದ್ದೀರಿ. ಅಲ್ಲಿನ ಸರ್ವಾಧಿಕಾರಿ ಫ್ರಾಂಕೋ ಆಡಳಿತದ ಕೊನೆಗಾಲದಲ್ಲಿ ಅವರು ಮಾಡಿದ್ದು ಜಾಸ್ತಿ ಅದೇ, ವಿದೇಶಿ ಹುಡುಗಿಯರನ್ನು ನೋಡಿ ಬಾಯಿ ಬಿಡುವ ಕುಳ್ಳನ ಪಾತ್ರ. ಆ ಬಗೆಯ ಚಿತ್ರಗಳಿಗೆ 'ಲಾಂಡಿಸ್ಮೋ' ಅಂತ ಅವರ ಹೆಸರೇ ಅಂಟಿಕೊಂಡಿತು.

1975ರಲ್ಲಿ ಫ್ರಾಂಕೋ ಸತ್ತ. 1977ರ 'ಎಲ್ ಪುಯೆಂತೆ'ಯಲ್ಲಿ ಅದೇ ಥರದ ಮನುಷ್ಯ ಬೈಕ್ ಹತ್ತಿ ಬೀಚಿಗೆ ಹೊರಡುತ್ತಾನೆ, ದಾರಿಯಲ್ಲಿ ಜನರ ಕಷ್ಟ ನೋಡಿ ಬದಲಾಗುತ್ತಾನೆ. ಜಾಣ ಆಯ್ಕೆ! 1981ರ 'ಎಲ್ ಕ್ರಾಕ್'ನಲ್ಲಿ ಪತ್ತೇದಾರ, ನಗುವುದೇ ಅಪರೂಪ.

ನೀವು ಮೊದಲು ನೋಡಬೇಕಾದ್ದು 1984ರ 'ಲೋಸ್ ಸಾಂತೋಸ್ ಇನೊಸೆಂತೆಸ್'. ಧಣಿ ಹೊಡೆದ ಹಕ್ಕಿ ಹುಡುಕಲು ಲಾಂಡಾ ನಾಯಿಯಂತೆ ನೆಲ ಮೂಸುತ್ತಾರೆ. ನಗು ಬರಲ್ಲ, ಕರುಳು ಚುರ್ ಅನ್ನುತ್ತೆ. ಇದಕ್ಕೇ ಸಹನಟ ಫ್ರಾನ್ಸಿಸ್ಕೋ ರಬಾಲ್ ಜೊತೆ ಆ ಪ್ರಶಸ್ತಿ ಹಂಚಿಕೊಂಡರು.